ಯಂಡುಗುಂಡು ಮತ್ತು ರಾವಸಾಹೇಬ

ಕನ್ನಡಿಗರ ಮಾತು ಮರಾಠಿ ಕಿವಿಗೆ ನಗೆಯ ವಸ್ತುವಾದುದು ಇಂದು ನಿನ್ನೆಯ ಸಂಗತಿಯಲ್ಲ. ಪುಣೆಯ ಹತ್ತಿರದ ದೇಹೂವಿನ ಸಂತ ತುಕಾರಾಮರು 17ನೆಯ ಶತಮಾನದಲ್ಲಿಯೇ ಕನ್ನಡ ಹೆಂಡತಿ, ಮರಾಠಿ ಗಂಡನ ಸಂಸಾರವನ್ನು ಒಂದು ಅಭಂಗದಲ್ಲಿ ತಂದಿದ್ದಾರೆ. ಆದರೆ ಅಲ್ಲಿ ಮಾತು ತಿಳಿಯದೆ ಒದ್ದಾಡುವವರು ಇಬ್ಬರೂ. ನಗೆ ಒಬ್ಬರ ಪಾಲಿಗಷ್ಟೇ ಬಂದಿಲ್ಲ.

ಮುಂದೆ ಈ ಸಮತೋಲ ಕೆಟ್ಟಿತು. ದಕ್ಷಿಣದ ಭಾಷೆಗಳಿಗೆಲ್ಲ ‘ಯಂಡುಗುಂಡು’ ಎಂಬ ಒಂದೇ ಹೆಸರು. ಆ ಕಡೆಯಿಂದ ಬಂದವರೆಲ್ಲ ಲುಂಗಿ ಉಟ್ಟ ‘ಮದ್ರಾಸಿ’ಗಳು. 1960ರಲ್ಲಿ ಬಾಳ ಠಾಕರೆಯವರು ಮುಂಬಯಿಯಲ್ಲಿ ಆರಂಭಿಸಿದ ‘ಮಾರ್ಮಿಕ’ ವ್ಯಂಗ್ಯಚಿತ್ರಗಳ ವಾರಪತ್ರಿಕೆ. ಕಚೇರಿಗಳಲ್ಲಿದ್ದ ದಕ್ಷಿಣದವರ ಹೆಸರಿನ ಪಟ್ಟಿಗಳು ಅಚ್ಚಾದದ್ದೂ ಅದರಲ್ಲಿಯೇ. 1966ರಲ್ಲಿ ಶಿವಸೇನೆ ಹುಟ್ಟಿದ ಮೇಲೆ ಲುಂಗಿಯ ಹಾಸ್ಯ ಬೀದಿಯ ಘೋಷಣೆಯಾಯಿತು. ಉಡುಪಿ ಹೋಟೆಲುಗಳ ಮೇಲೆ ಹಲ್ಲೆಗಳಾದವು.

ಇದಕ್ಕೆ ಉತ್ತರ ಬಂದದ್ದೂ ಹಾಸ್ಯದಿಂದಲೇ, ಅದೂ ಮರಾಠಿಯಲ್ಲಿಯೇ. ಕೆಲಕಾಲ ಬೆಳಗಾವಿಯ ಕಾಲೇಜಿನಲ್ಲಿ ಪಾಠ ಹೇಳಿದ್ದ ಪು. ಲ. ದೇಶಪಾಂಡೆಯವರು ‘ಗಣಗೋತ’ ಪುಸ್ತಕದಲ್ಲಿ ಅಲ್ಲಿಯ ಗೆಳೆಯ ಕೃಷ್ಣರಾವ ಹರಿಹರರ ಚಿತ್ರ ಬರೆದರು. ಅವರೇ ‘ರಾವಸಾಹೇಬ’.

ಮರಾಠಿಯಲ್ಲಿ ಚಹ ಗಂಡು, ಕಾಫಿ ಹೆಣ್ಣು, ಹಾಲು ನಪುಂಸಕ. ಕನ್ನಡದಲ್ಲಿ ಮೂರೂ ‘ಅದು’. ನಮ್ಮವರು ಮರಾಠಿಯಲ್ಲಿ ತಪ್ಪುವುದು ತಾಯ್ನುಡಿಯ ಈ ಕಟ್ಟಳೆಯಿಂದ. ರಾವಸಾಹೇಬರ ಮರಾಠಿಯಲ್ಲೂ ಲಿಂಗಗಳು ಅದಲುಬದಲು. ಮೇಲೆ ಮಾತಿಗೊಂದು ಬೈಗುಳ. ಓದಿದವರು ಹೊಟ್ಟೆ ಹುಣ್ಣಾಗುವಂತೆ ನಗುತ್ತಾರೆ. ಆದರೆ ಬರಹ ಮುಗಿಯುವ ಹೊತ್ತಿಗೆ ಮನಸ್ಸಿನಲ್ಲಿ ಉಳಿಯುವುದು ಅವರ ಸಂಗೀತದ ಹುಚ್ಚು, ಗೆಳೆಯರ ಮೇಲಿನ ಅಕ್ಕರೆ. ಹೆಸರು, ಊರು, ಸ್ವಭಾವ ಇರುವ ಮನುಷ್ಯನೊಬ್ಬ ಎದುರಿಗೆ ಬಂದು ನಿಂತಾಗ ‘ಯಂಡುಗುಂಡು’ವಿನ ಅಚ್ಚು ತಾನಾಗಿ ಒಡೆಯುತ್ತದೆ. ಪು.ಲ. ತಮ್ಮವರನ್ನೂ ಬಿಟ್ಟವರಲ್ಲ. ಮುಂಬೈಕರ, ನಾಗಪುರಕರರ ಜೊತೆ ಪುಣೇಕರರನ್ನೂ ನಿಲ್ಲಿಸಿ ಧಾರಾಳವಾಗಿ ಗೇಲಿ ಮಾಡಿದರು. ಆದ್ದರಿಂದಲೇ ಅವರ ನಗೆ ಯಾರನ್ನೂ ಚುಚ್ಚಲಿಲ್ಲ.

ಪುಣೆಯಲ್ಲಿ ನಾವೀಗ ಹಳಬರಾಗಿದ್ದೇವೆ. ಇಲ್ಲಿ ಹುಟ್ಟಿ ಬೆಳೆದ ನಮ್ಮ ಮಕ್ಕಳ ಮರಾಠಿಗೆ ನಗುವವರು ಕಡಿಮೆ. ಆದರೆ ಬಿಹಾರದಿಂದ, ಉತ್ತರ ಪ್ರದೇಶದಿಂದ ಬಂದ ಕೂಲಿಯವರನ್ನೆಲ್ಲ ‘ಭೈಯ್ಯಾ’ ಎಂಬ ಒಂದೇ ಹೆಸರಿನಲ್ಲಿ ಕಟ್ಟಿಹಾಕಿ, ಅವರ ಮಾತನ್ನು ಅಣಕಿಸುವ ಚಾಳಿ ನಮ್ಮ ಮನೆಗಳಿಗೂ ಬಂದಿದೆ. ಅವರ ಹಿಂದಿಯಲ್ಲಿ ಚಹ ಹೆಣ್ಣು. ಮರಾಠಿ ಆಡುವಾಗ ಅವರೂ ನಮ್ಮಂತೆಯೇ ಎಡವುತ್ತಾರೆ. ನಗುವುದಾದರೆ ನಗೋಣ, ಮೊದಲು ಅವರ ಹೆಸರು ಕೇಳಿ, ಜೊತೆಯಲ್ಲಿ ಕೂಡ್ರಿಸಿಕೊಂಡು ಒಂದು ಕಪ್ಪು ಚಹ ಕೊಡೋಣ.