ಮಾರುತದ ಹಿಂದಿನ ಜರ್ಮನ್ ನೆರಳು

ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ಶಾಲೆಗಳಿಂದ ನಾವೆಲ್ಲ ಬೆಂಗಳೂರು ಪ್ರವಾಸಕ್ಕೆ ಹೋದವರೇ. ಕಸ್ತೂರಬಾ ರಸ್ತೆಯ ವಿಶ್ವೇಶ್ವರಯ್ಯ ವಸ್ತುಸಂಗ್ರಹಾಲಯದ ಅಂಗಳದಲ್ಲಿ ನಿಂತಿರುವ ಯುದ್ಧವಿಮಾನದ ಮುಂದೆ ಫೋಟೋ ತೆಗೆಸಿಕೊಂಡವರೂ ಇದ್ದೇವೆ. ಅದರ ಹೆಸರು ಎಚ್ಎಫ್-24 ಮಾರುತ. ಆದರೆ ಅದರ ವಂಶವೃಕ್ಷವನ್ನು ನಮಗಾರೂ ಹೇಳಿರಲಿಲ್ಲ.

ಈ ವಿಮಾನದ ಮುಖ್ಯ ವಿನ್ಯಾಸಕ ಜರ್ಮನಿಯ ಕುರ್ಟ್ ಟ್ಯಾಂಕ್. ಫೋಕೆ-ವುಲ್ಫ್ ಕಂಪೆನಿಯಲ್ಲಿ ಈತ ರೂಪಿಸಿದ ಎಫ್‌ಡಬ್ಲ್ಯು-190 ಮೊದಲು ಹಾರಿದ್ದು 1939ರ ಜೂನ್ 1ರಂದು. ಅದು ಹುಟ್ಟಿದ್ದು ಆಕಾಶದ ಕಾಳಗಕ್ಕೆ. ಆದರೆ ಯುದ್ಧ ಮುಂದುವರಿದಂತೆ, ನೇರ ಕೆಳಗೆರಗಿ ಬಾಂಬು ಹಾಕುತ್ತಿದ್ದ ನಿಧಾನಗತಿಯ ಸ್ಟೂಕಾ ವಿಮಾನಗಳು ಶತ್ರುವಿಗೆ ಸುಲಭ ತುತ್ತಾಗತೊಡಗಿದವು. ಆಗ ಹೊಟ್ಟೆಯಡಿ ಬಾಂಬು ಹೊತ್ತ 190ರ ಎಫ್ ಮತ್ತು ಜಿ ಮಾದರಿಗಳು ಆ ಕೆಲಸಕ್ಕಿಳಿದವು. ಎಲ್ಲ ಮಾದರಿಗಳೂ ಸೇರಿ 20,000ಕ್ಕೂ ಹೆಚ್ಚು ವಿಮಾನಗಳು ತಯಾರಾದವು. ಯುದ್ಧಕಾಲದ ಜರ್ಮನಿಯ ವಿಮಾನ ಕಾರ್ಖಾನೆಗಳಲ್ಲಿ ಬಂಧಿಗಳಿಂದ ಬಲವಂತವಾಗಿ ದುಡಿಸಿಕೊಳ್ಳಲಾಗುತ್ತಿತ್ತು ಎಂಬುದನ್ನೂ ನಾವು ಮರೆಯಬಾರದು.

ಹಿಟ್ಲರ್ ಸೋತ ನಂತರ ಟ್ಯಾಂಕ್ ಅರ್ಜೆಂಟೀನಾ ಸೇರಿದ. 1955ರಲ್ಲಿ ಅಲ್ಲಿ ಪೆರೋನ್ ಸರಕಾರ ಉರುಳಿತು. ಮರುವರ್ಷ ನೆಹರೂ ಸರಕಾರದ ಆಹ್ವಾನದಂತೆ ಆತ ಬೆಂಗಳೂರಿಗೆ ಬಂದ. 1961ರ ಜೂನ್ 17ರಂದು ವಿಂಗ್ ಕಮಾಂಡರ್ ಸುರಂಜನ್ ದಾಸ್ ಮಾರುತವನ್ನು ಮೊದಲ ಬಾರಿಗೆ ಹಾರಿಸಿದರು.

ಶಬ್ದದ ಎರಡು ಪಟ್ಟು ವೇಗ ಸಾಧಿಸಬೇಕೆಂಬುದು ಕನಸು. ಅದಕ್ಕೆ ತಕ್ಕ ಎಂಜಿನ್ ಬ್ರಿಟನ್ನಿನಿಂದ ಸಿಗಲಿಲ್ಲ. ಅದರ ಅಭಿವೃದ್ಧಿಯ ಖರ್ಚು ಭರಿಸಲು ಭಾರತ ಒಪ್ಪಿರಲಿಲ್ಲ. ಈಜಿಪ್ಟಿನ ಹೆಲ್ವಾನ್‌ನಲ್ಲಿ ಸಿದ್ಧವಾಗುತ್ತಿದ್ದ ಎಂಜಿನ್ ಜೋಡಿಸುವ ಪ್ರಯತ್ನವೂ 1969ಕ್ಕೆ ನಿಂತುಹೋಯಿತು. 1970ರ ಜನವರಿ 10ರಂದು ಹೆಚ್ಚಿನ ಶಕ್ತಿಯ ಮಾದರಿಯ ಪರೀಕ್ಷೆಯಲ್ಲಿ ದಾಸ್ ಪ್ರಾಣ ಕಳೆದುಕೊಂಡರು. ಬೆಂಗಳೂರಿನ ಸುರಂಜನ್ ದಾಸ್ ರಸ್ತೆ ಅವರ ನೆನಪಿನದು.

ವೇಗ ಸಾಲದ ಮಾರುತ ಕೊನೆಗೆ ನೆಲದ ಗುರಿಗಳ ಮೇಲೆ ದಾಳಿ ಮಾಡುವ ವಿಮಾನವೇ ಆಯಿತು. 1971ರ ಯುದ್ಧದಲ್ಲಿ 10 ಮತ್ತು 220ನೇ ಸ್ಕ್ವಾಡ್ರನ್‌ಗಳು ಜೋಧಪುರ, ಉತ್ತರ್‌ಲಾಯ್ ನೆಲೆಗಳಿಂದ ಅದನ್ನು ಹಾರಿಸಿದವು. ವಿಮಾನಗಳ ನಡುವಿನ ಕಾಳಗದಲ್ಲಿ ಒಂದು ಮಾರುತವೂ ಉರುಳಲಿಲ್ಲ. ಒಟ್ಟು 147 ತಯಾರಾದ ಮೇಲೆ ಯೋಜನೆ ಮುಗಿಯಿತು.

ವಿದ್ಯೆ ಸಮುದ್ರ ದಾಟಿ ಬಂತು, ಎಂಜಿನ್ ಬರಲಿಲ್ಲ. ಇಂದಿನ ತೇಜಸ್ ಕೂಡ ಅಮೆರಿಕದ ಎಂಜಿನ್ನನ್ನೇ ನೆಚ್ಚಿಕೊಂಡಿದೆ. ಇದು ನಾವು ಕಲಿಯಬೇಕಾದ ಒಂದು ಪಾಠ. ಇನ್ನೊಂದು ಪಾಠ ಕಠಿಣವಾದದ್ದು: ಹಿಟ್ಲರನ ಸೇನೆಗೆ ದುಡಿದ ಪ್ರತಿಭೆಯೇ ಸ್ವತಂತ್ರ ಭಾರತದ ಹೆಮ್ಮೆಯನ್ನೂ ರೂಪಿಸಿತು. ಆತನ ಕೈಚಳಕವನ್ನು ಮೆಚ್ಚುವಾಗ, ಅದು ಮೊದಲು ಯಾರ ಸೇವೆಗೆ ನಿಂತಿತ್ತು ಎಂದು ಕೇಳುವ ಹೊಣೆ ನಮ್ಮ ಮೇಲಿದೆ. ಮುಂದಿನ ಪ್ರವಾಸದಲ್ಲಿ ಆ ಅಂಗಳದಲ್ಲಿ ನಿಂತ ಮಕ್ಕಳಿಗೆ ನಮ್ಮ ಅಧ್ಯಾಪಕರು ಈ ಎರಡನ್ನೂ ಹೇಳಲಿ.