ಖುಲಾಸೆಯಾದರೂ ಪಟ್ಟಿಯಿಂದ ಹೋಗದ ಹೆಸರು

ಮೋಕದ ಯುವಕನೊಬ್ಬ ದುಬೈಯಲ್ಲಿ ಕೆಲಸ ಸಿಕ್ಕಿತೆಂದು ಪಾಸ್‌ಪೋರ್ಟಿಗೆ ಅರ್ಜಿ ಹಾಕಿದ್ದಾನೆ ಎಂದಿಟ್ಟುಕೊಳ್ಳಿ. ಹಿಂದೊಮ್ಮೆ ಊರ ಜಗಳದಲ್ಲಿ ಅವನ ಮೇಲೆ ಮೊಕದ್ದಮೆಯಾಗಿತ್ತು. ಬಳ್ಳಾರಿಯ ನ್ಯಾಯಾಲಯ ಖುಲಾಸೆ ಮಾಡಿದೆ. ಆದರೆ ಅರ್ಜಿ ಪರಿಶೀಲನೆಗೆ ಬಂದಾಗ ಪೇದೆ ಮೊದಲು ತೆರೆಯುವುದು ತೀರ್ಪನ್ನಲ್ಲ, ಠಾಣೆಯ ರಿಜಿಸ್ಟರನ್ನು. ರೌಡಿ ಪಟ್ಟಿಯಲ್ಲಿ ಹೆಸರು ಉಳಿದಿದ್ದರೆ 'ಪ್ರತಿಕೂಲ' ವರದಿ ಹೋಗುವ ಸಂಭವವೇ ಹೆಚ್ಚು.

ಈ ರಿಜಿಸ್ಟರಿಗೆ ದೊಡ್ಡ ಚರಿತ್ರೆಯಿದೆ. ಬಳ್ಳಾರಿ 1953ರವರೆಗೆ ಮದ್ರಾಸಿಗೆ ಸೇರಿತ್ತು. ಕಣ್ಣಿಡಬೇಕಾದ ಅಪರಾಧಿಗಳನ್ನು ಮದ್ರಾಸ್ ಪೊಲೀಸರು 'ನೋನ್ ಡೆಪ್ರಿಡೇಟರ್' ಎಂದು ಬರೆದು, ಚುಟುಕಾಗಿ 'ಕೆ.ಡಿ.' ಎನ್ನುತ್ತಿದ್ದರು. ಕನ್ನಡದ 'ಕೇಡಿ' ನಮ್ಮದೇ 'ಕೇಡು'ವಿನಿಂದ ಬಂದದ್ದು. ಆದರೂ ಕಿವಿಗೆ ಎರಡೂ ಒಂದೇ. ಅದಕ್ಕಿಂತ ಕ್ರೂರವಾದದ್ದು 1911ರ ಕ್ರಿಮಿನಲ್ ಟ್ರೈಬ್ಸ್ ಕಾಯ್ದೆ. ಕೊರಚರಂಥ ಅಲೆಮಾರಿಗಳ ಹೆಸರು, ಬೆರಳಚ್ಚು ಹುಟ್ಟಿನ ಕಾರಣಕ್ಕೇ ದಾಖಲಾಗುತ್ತಿದ್ದವು. ವಾಸ ಬದಲಿಸಿದರೆ, ಊರಲ್ಲಿಲ್ಲದಿದ್ದರೆ ತಿಳಿಸಬೇಕಿತ್ತು. 1952ರಲ್ಲಿ ದೇಶದಾದ್ಯಂತ ಆ ಕಾಯ್ದೆ ರದ್ದಾಯಿತು. ಪಟ್ಟಿ ಬರೆಯುವ ಅಭ್ಯಾಸ ಮಾತ್ರ ಬಿಡಲಿಲ್ಲ.

ಉತ್ತರ ಪ್ರದೇಶದ ಖರಕ್ ಸಿಂಗ್ 1941ರಲ್ಲಿ ಡಕಾಯಿತಿ ಶಂಕೆಯ ಮೇಲೆ ಬಂಧಿತನಾಗಿ, ಸಾಕ್ಷ್ಯವಿಲ್ಲದೆ ಬಿಡುಗಡೆಯಾದ. ಪೊಲೀಸರು ಆದರೂ 'ಹಿಸ್ಟರಿ ಷೀಟ್' ತೆರೆದು ಅಪರಾತ್ರಿ ಬಾಗಿಲು ತಟ್ಟತೊಡಗಿದರು. 1962ರಲ್ಲಿ ಸುಪ್ರೀಂ ಕೋರ್ಟ್ ರಾತ್ರಿಯ ಭೇಟಿಯನ್ನಷ್ಟೇ ತಡೆಯಿತು. ಅಷ್ಟು ಸಾಲದು, ಕಾವಲೆಲ್ಲವೂ ಸ್ವಾತಂತ್ರ್ಯಕ್ಕೆ ಕುತ್ತು ಎಂದು ಭಿನ್ನಮತ ಬರೆದವರು ನ್ಯಾ. ಕೆ. ಸುಬ್ಬರಾವ್.

ಪಾಸ್‌ಪೋರ್ಟಿನ ಕಥೆಯಲ್ಲೂ ಅವರೇ ಬರುತ್ತಾರೆ. ಪಾಸ್‌ಪೋರ್ಟ್ ಕೊಡುವುದು, ಬಿಡುವುದು ಆಗ ಸರ್ಕಾರದ ಮರ್ಜಿ. ವಿದೇಶಕ್ಕೆ ಹೋಗುವುದು ಸಂವಿಧಾನದ 21ನೇ ವಿಧಿಯ ಹಕ್ಕು ಎಂದು ನಮ್ಮ ಮೈಸೂರು ಹೈಕೋರ್ಟ್ 1965ರಲ್ಲೇ ಹೇಳಿತ್ತೆಂಬುದು ಹೆಚ್ಚಿನವರಿಗೆ ತಿಳಿಯದು. 1967ರ ಏಪ್ರಿಲ್‌ನಲ್ಲಿ ಸತ್ವಂತ್ ಸಿಂಗ್ ಸಾಹ್ನಿ ಪ್ರಕರಣದಲ್ಲಿ ಮುಖ್ಯ ನ್ಯಾಯಮೂರ್ತಿ ಸುಬ್ಬರಾವ್, 3–2ರ ಬಹುಮತದಿಂದ, ಅದನ್ನೇ ಎತ್ತಿಹಿಡಿದರು. ಅದೇ ವರ್ಷ ಪಾಸ್‌ಪೋರ್ಟ್ ಕಾಯ್ದೆ ಬಂತು.

ಆ ಕಾಯ್ದೆ ಹೇಳುವುದೇನು? ನ್ಯಾಯಾಲಯದಲ್ಲಿ ಮೊಕದ್ದಮೆ ಬಾಕಿಯಿದ್ದರೆ, ಅಥವಾ ಹಿಂದಿನ ಐದು ವರ್ಷಗಳಲ್ಲಿ ನೈತಿಕ ಅಧಃಪತನದ ಅಪರಾಧಕ್ಕೆ ಎರಡು ವರ್ಷಕ್ಕೆ ಕಡಿಮೆಯಿಲ್ಲದ ಶಿಕ್ಷೆಯಾಗಿದ್ದರೆ ನಿರಾಕರಿಸಬಹುದು. ಖುಲಾಸೆಯಾದವನು ಎರಡರಲ್ಲೂ ಬರುವುದಿಲ್ಲ. ರೌಡಿ ಪಟ್ಟಿಯ ಮಾತೇ ಕಾಯ್ದೆಯಲ್ಲಿಲ್ಲ. ಅದು ಪೊಲೀಸ್ ಕೈಪಿಡಿಯ ಸೃಷ್ಟಿ. ಆದರೆ 'ಸಾರ್ವಜನಿಕ ಹಿತ' ಎಂಬ ಇನ್ನೊಂದು ಕಲಮು ಇದೆ. ಇಂಥ ಅಗಲವಾದ ಬಾಗಿಲಲ್ಲಿ ಯಾವ ವರದಿಯಾದರೂ ನುಸುಳೀತು.

ಖರಕ್ ಸಿಂಗ್ ತೀರ್ಪಿನ ಖಾಸಗಿತನ ಕುರಿತ ಭಾಗವನ್ನು 2017ರಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠ ತಳ್ಳಿಹಾಕಿತು. ಅರ್ಜಿದಾರರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ಹಿಂದುಳಿದ, ಅಲೆಮಾರಿ ಸಮುದಾಯಗಳ ಅಮಾಯಕರ ಹೆಸರನ್ನು ಯಾಂತ್ರಿಕವಾಗಿ ಇಂಥ ಹಾಳೆಗಳಿಗೆ ಸೇರಿಸುವುದರ ಬಗ್ಗೆ ಸುಪ್ರೀಂ ಕೋರ್ಟ್ 2024ರಲ್ಲಿ ಎಲ್ಲ ರಾಜ್ಯಗಳ ಗಮನ ಸೆಳೆಯಿತು.

ನಮ್ಮ ಮೋಕದ ಯುವಕನ ಕೈಯಲ್ಲಿ ತೀರ್ಪಿನ ದೃಢೀಕೃತ ಪ್ರತಿ ಇರಲಿ. ಪಟ್ಟಿಯಿಂದ ಹೆಸರು ತೆಗೆಯುವಂತೆ ಜಿಲ್ಲಾ ಪೊಲೀಸ್ ವರಿಷ್ಠರಿಗೂ ಬರೆಯಲಿ. ಪಾಸ್‌ಪೋರ್ಟ್ ನಿರಾಕರಿಸಿದರೆ, ದೇಶದ ಭದ್ರತೆಯಂಥ ಸಂದರ್ಭ ಬಿಟ್ಟು, ಕಾರಣವನ್ನು ಲಿಖಿತವಾಗಿ ಕೇಳಿ ಪಡೆಯಬಹುದು. ಅದರ ಮೇಲೆ ಮೇಲ್ಮನವಿ ಸಲ್ಲಿಸಲೂ ಕಾಯ್ದೆಯಲ್ಲಿ ಅವಕಾಶವಿದೆ.