ಗೌರವದ ಕಲ್ಲು, ದಾಖಲೆಯ ಕಲ್ಲು: ಮೈಸೂರು ಸೀಮೆಯ ಯುದ್ಧಸ್ಮಾರಕಗಳ ಚರಿತ್ರೆ

ಮೈಸೂರು ನಗರದ ಇಂದಿನ ರೂಪಕ್ಕೆ ತಳಹದಿಯಾದದ್ದು 1799ರ ಮೇ 4ರಂದು ಶ್ರೀರಂಗಪಟ್ಟಣದ ಕೋಟೆಯಲ್ಲಿ ಮುಗಿದ ಯುದ್ಧ. ಆದ್ದರಿಂದ ಆ ಯುದ್ಧದ ನೆನಪಿಗೆ ನೆಟ್ಟ ಕಲ್ಲುಗಳ, ಕೆಡವಿದ ಕಲ್ಲುಗಳ ಮತ್ತು ನೆಡಬೇಕೆಂದು ಸೂಚಿಸಲಾದ ಪ್ರತಿಮೆಗಳ ಚರಿತ್ರೆಯನ್ನು ನಗರದ ಚರಿತ್ರೆಯಿಂದ ಬೇರ್ಪಡಿಸಿ ನೋಡಲಾಗದು. ನಾಲ್ಕನೆಯ ಆಂಗ್ಲೋ-ಮೈಸೂರು ಯುದ್ಧವೆಂದು ಪಠ್ಯಪುಸ್ತಕಗಳು ಕರೆಯುವ ಈ ಕದನ ಹೊರಗಿನ ಈಸ್ಟ್ ಇಂಡಿಯಾ ಕಂಪನಿಗೂ ಒಳಗಿನ ರಾಜ್ಯಕ್ಕೂ ನಡೆದ ಹೋರಾಟವಾಗಿದ್ದಂತೆಯೇ, ಮೈಸೂರಿನ ಅಧಿಕಾರ ಯಾರದೆಂಬ ನಾಲ್ಕು ದಶಕಗಳ ಒಳಜಗಳದ ಕೊನೆಯ ಅಧ್ಯಾಯವೂ ಆಗಿತ್ತು. 1760ರಲ್ಲಿ ಅರಮನೆಯ ಬೆಂಬಲದೊಡನೆ ಸೇನಾನಿ ಹೈದರಾಲಿಯ ವಿರುದ್ಧ ತಿರುಗಿಬಿದ್ದ ಅಧಿಕಾರಿ ಖಂಡೇರಾಯ ಮರುವರ್ಷವೇ ಸೋತು ಸೆರೆಯಾದ ಮೇಲೆ ಒಡೆಯರ ಮನೆತನದ ಕೈಯಲ್ಲಿ ಪಟ್ಟದ ಹೆಸರು ಮಾತ್ರ ಉಳಿಯಿತು. ಆಡಳಿತದ ಹಿಡಿತ ಹೈದರನಿಗೂ ಅವನ ನಂತರ ಅವನ ಮಗ ಟಿಪ್ಪುವಿಗೂ ಸೇರಿತು. ಕಳೆದ ಅಧಿಕಾರವನ್ನು ಮರಳಿ ಪಡೆಯಲು ರಾಣಿ ಲಕ್ಷ್ಮಮ್ಮಣ್ಣಿಯವರು ಮದರಾಸಿನ ಇಂಗ್ಲಿಷರೊಡನೆ ವರ್ಷಗಟ್ಟಲೆ ಸಂಧಾನ ನಡೆಸಿದರು. 1799ರಲ್ಲಿ ಕೋಟೆಯನ್ನು ಮುತ್ತಿದ ದಂಡಿನಲ್ಲಿ ಬ್ರಿಟಿಷ್ ತುಕಡಿಗಳ ಜೊತೆಗೆ ಮದರಾಸು ಮತ್ತು ಮುಂಬಯಿಯ ದೇಶೀ ಸಿಪಾಯಿಗಳೂ ಹೈದರಾಬಾದಿನ ನಿಜಾಮನ ಸೈನಿಕರೂ ಇದ್ದರು. ಹೀಗೆ ಒಂದೇ ಯುದ್ಧ ಒಬ್ಬರಿಗೆ ರಾಜ್ಯದ ಪತನವೆಂದೂ ಇನ್ನೊಬ್ಬರಿಗೆ ರಾಜವಂಶದ ಪುನಃಸ್ಥಾಪನೆಯೆಂದೂ ಕಂಡಿತು. ಮೈಸೂರು ಸೀಮೆಯ ಸ್ಮಾರಕವಿವಾದಗಳೆಲ್ಲ ಈ ಎರಡು ನೋಟಗಳ ನಡುವಿನ ಬಿರುಕಿನಿಂದ ಹುಟ್ಟಿದವು.

ಆಳುವವರ ಬದಲಾವಣೆಯನ್ನು ಕಲ್ಲಿನಲ್ಲಿ ತೋರಿಸುವ ಪದ್ಧತಿಗೆ ಮೈಸೂರು ನಗರವೇ ಉದಾಹರಣೆ. ಟಿಪ್ಪು ಮೈಸೂರಿನ ಹಳೆಯ ಕೋಟೆಯನ್ನು ಕೆಡವಿಸಿ, ಅದರ ಕಲ್ಲುಗಳನ್ನು ಸಮೀಪದ ಎತ್ತರದ ಜಾಗಕ್ಕೆ ಸಾಗಿಸಿ, ನಜರ್‌ಬಾದ್ ಎಂಬ ಹೊಸ ಕೋಟೆಯನ್ನು ಕಟ್ಟಲು ತೊಡಗಿದನು. ಅವನ ಪತನದ ನಂತರ 1799ರ ಜೂನ್ 30ರಂದು ಇನ್ನೂ ಐದು ವರ್ಷ ತುಂಬದ ಬಾಲಕ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಮೈಸೂರಿನಲ್ಲಿ ಪಟ್ಟವಾಯಿತು. ದಿವಾನ್ ಪೂರ್ಣಯ್ಯನವರ ಆಡಳಿತಕಾಲದಲ್ಲಿ ನಗರವನ್ನು ಮತ್ತೆ ಕಟ್ಟುವಾಗ ನಜರ್‌ಬಾದಿಗೆ ಹೋಗಿದ್ದ ಕಲ್ಲುಗಳೇ ಹಳೆಯ ಕೋಟೆಯ ಜಾಗಕ್ಕೆ ಮರಳಿದವು. ಒಂದು ರಾಜ್ಯದ ಗುರುತನ್ನು ಅಳಿಸಲು ಕಿತ್ತ ಕಲ್ಲೇ ಮುಂದಿನ ರಾಜ್ಯದ ಗುರುತನ್ನು ಎತ್ತಿ ನಿಲ್ಲಿಸಿದ ಈ ಘಟನೆಯ ಸಾಕ್ಷಿಯಾಗಿ ನಜರ್‌ಬಾದ್ ಎಂಬ ಹೆಸರು ಇಂದಿಗೂ ಒಂದು ಬಡಾವಣೆಗೆ ಉಳಿದಿದೆ. ನಗರದೊಳಗಿನ ವೆಲಿಂಗ್ಟನ್ ಲಾಡ್ಜ್ ಎಂಬ ಕಟ್ಟಡ, ಶ್ರೀರಂಗಪಟ್ಟಣದ ವಿಜಯದ ನಂತರ ಈ ಸೀಮೆಯ ಸೇನಾಡಳಿತವನ್ನು ನೋಡಿಕೊಂಡ, ಮುಂದೆ ವೆಲಿಂಗ್ಟನ್ನಿನ ಡ್ಯೂಕ್ ಎನಿಸಿದ ಆರ್ಥರ್ ವೆಲ್ಲೆಸ್ಲಿಯ ಹೆಸರನ್ನು ಹೊತ್ತು ನಿಂತಿದೆ. ಈಗ ಅದರಲ್ಲಿ ಇಂದಿರಾ ಗಾಂಧಿ ರಾಷ್ಟ್ರೀಯ ಮಾನವ ಸಂಗ್ರಹಾಲಯದ ದಕ್ಷಿಣ ಪ್ರಾದೇಶಿಕ ಕೇಂದ್ರವಿದೆ.

ನಗರದಿಂದ ಸುಮಾರು 15 ಕಿಲೋಮೀಟರ್ ದೂರದ ಶ್ರೀರಂಗಪಟ್ಟಣದಲ್ಲಿ ಈ ಯುದ್ಧದ ಸ್ಮಾರಕಗಳು ಒತ್ತೊತ್ತಾಗಿವೆ. 1780ರ ಪೊಲ್ಲಿಲೂರು ಕದನದಲ್ಲಿ ಮೈಸೂರಿನ ಸೇನೆಗೆ ಸೆರೆಸಿಕ್ಕು 1782ರಲ್ಲಿ ಸೆರೆಯಲ್ಲೇ ತೀರಿಕೊಂಡ ಕಂಪನಿಯ ಕರ್ನಲ್ ಬೇಯ್ಲಿಯ ಸಮಾಧಿಸ್ಮಾರಕವನ್ನು 1816ರಲ್ಲಿ ಅವನ ಬಂಧು ಕಟ್ಟಿಸಿದನು. ಅದು ಒಂದು ಕುಟುಂಬದ ದುಃಖದ ಗುರುತು. ಟಿಪ್ಪು ತನ್ನ ತಂದೆಗಾಗಿ ಕಟ್ಟಿಸಿ, ಕೊನೆಗೆ ತಾನೂ ಅಲ್ಲೇ ಮಲಗಿದ ಗುಂಬಜ್ ಮತ್ತೊಂದು ಮನೆತನದ ಗುರುತು. ಕೋಟೆಗೋಡೆ ಒಡೆದ ಜಾಗದ ಬಳಿ ನಿಂತಿರುವ ಸ್ಮಾರಕಸ್ತಂಭ, ಅಂದರೆ ತುದಿ ಮೊನಚಾದ ಚೌಕಾಕಾರದ ಎತ್ತರದ ಕಲ್ಲುಕಂಬ, ಇವೆರಡಕ್ಕಿಂತ ಬೇರೆ ಜಾತಿಯದು: ಮುತ್ತಿಗೆಯಲ್ಲಿ ಮಡಿದ ಕಂಪನಿಯ ಕಡೆಯ ಅಧಿಕಾರಿಗಳ ಮತ್ತು ಸೈನಿಕರ ನೆನಪಿಗೆ ಮೈಸೂರು ಸರ್ಕಾರವೇ ಅದನ್ನು 1907ರಲ್ಲಿ, ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆಯಲ್ಲಿ ನಿಲ್ಲಿಸಿತು. ಯುದ್ಧ ಮುಗಿದು 108 ವರ್ಷ ಕಳೆದಿತ್ತು. ಸತ್ತವರ ಹತ್ತಿರದ ಬಂಧುಗಳು ಯಾರೂ ಬದುಕಿರಲು ಸಾಧ್ಯವಿರಲಿಲ್ಲ. ಹಾಗಿದ್ದೂ ಅದು ಎದ್ದಿತೆಂದರೆ ಅದರ ಅರ್ಥವನ್ನು 1799ರಲ್ಲಿ ಹುಡುಕುವುದಕ್ಕಿಂತ 1907ರಲ್ಲಿ ಹುಡುಕುವುದು ಸರಿಯಾದ ದಾರಿ. 1831ರಲ್ಲಿ ಬ್ರಿಟಿಷರು ಕಸಿದುಕೊಂಡ ಆಡಳಿತವನ್ನು 1881ರಲ್ಲಷ್ಟೇ ಹಿಂದಕ್ಕೆ ಪಡೆದಿದ್ದ ಸಂಸ್ಥಾನವೊಂದು ಸಾಮ್ರಾಜ್ಯದೊಡನೆ ತನ್ನ ನಂಟನ್ನು ಎಲ್ಲರಿಗೂ ಕಾಣುವಂತೆ ಸಾರಿದ ಮಾತು ಈ ಕಂಬದಲ್ಲಿದೆ. ಕೋಟೆಯ ಒಳಗೆ ನಿಂತು ಕಾದಾಡಿ ಸತ್ತ ಮೈಸೂರಿನ ಸಿಪಾಯಿಗಳಿಗೆ ಆ ಕಂಬದಲ್ಲಿ ಜಾಗವಿಲ್ಲದಿರುವುದು ಸ್ಮಾರಕದ ನಿಜವಾದ ಕೊರತೆ. ಗೆದ್ದವರೆಂದು ಸೋತವರೆಂದು ನೋಡದೆ ಊರಿಗಾಗಿ ಸತ್ತ ಸಾಮಾನ್ಯನ ಹೆಸರನ್ನು ವೀರಗಲ್ಲಿನಲ್ಲಿ ಕೆತ್ತಿಸಿದ ನಾಡಿನಲ್ಲಿ ಈ ಕೊರತೆ ಮತ್ತಷ್ಟು ಎದ್ದುಕಾಣುತ್ತದೆ.

ಸೋತವರ ನೆನಪನ್ನು ಗೆದ್ದವರೇ ಕಾಪಾಡಿದ ಉದಾಹರಣೆಯೂ ಇದೇ ಶ್ರೀರಂಗಪಟ್ಟಣ ದ್ವೀಪದಲ್ಲಿದೆ. ದರಿಯಾ ದೌಲತ್ ಅರಮನೆಯ ಗೋಡೆಯ ಮೇಲೆ ಪೊಲ್ಲಿಲೂರಿನಲ್ಲಿ ಇಂಗ್ಲಿಷರು ಸೋತ ದೃಶ್ಯದ ದೊಡ್ಡ ಚಿತ್ರವಿದೆ. ಮುತ್ತಿಗೆಗೆ ಮುಂಚೆಯೇ ಕೆಟ್ಟುಹೋಗಿದ್ದ ಆ ಚಿತ್ರವನ್ನು, ಅರಮನೆಯಲ್ಲಿ ವಾಸಕ್ಕಿದ್ದ ವೆಲ್ಲೆಸ್ಲಿ ಸರಿಪಡಿಸಿದನು. ಮತ್ತೆ ಸುಣ್ಣದಡಿ ಮರೆಯಾದಾಗ ಗವರ್ನರ್ ಜನರಲ್ ಡಾಲ್‌ಹೌಸಿ ಮತ್ತೊಮ್ಮೆ ಬರೆಯಿಸಿದನು. ತಮ್ಮ ಸೋಲನ್ನು ತೋರಿಸುವ ಚಿತ್ರವನ್ನು ಅವರು ಉಳಿಸಿದ್ದರಿಂದ ಅವರ ಸಾಮ್ರಾಜ್ಯ ಕುಸಿಯಲಿಲ್ಲ. ಚರಿತ್ರೆಕಾರರಿಗೆ ಮಾತ್ರ ಟಿಪ್ಪುವಿನ ಕಾಲದ ಕಣ್ಣಿನಿಂದ ಯುದ್ಧವನ್ನು ನೋಡುವ ಒಂದು ಆಕರ ಸಿಕ್ಕಿತು.

ಬೆಂಗಳೂರು ಬೇರೆ ದಾರಿ ಹಿಡಿಯಿತು. 1791ರಲ್ಲಿ ಕಾರ್ನ್‌ವಾಲಿಸ್‌ನ ಸೇನೆ ಬೆಂಗಳೂರನ್ನು ಹಿಡಿದಾಗ ಸತ್ತ ಕಂಪನಿಯ ಅಧಿಕಾರಿಗಳ ನೆನಪಿಗೆ ನಗರದಲ್ಲಿ ಸೆನೊಟಾಫ್, ಅಂದರೆ ದೇಹವಿಲ್ಲದ ಸಮಾಧಿಯ ರೂಪದ ಸ್ಮಾರಕಸ್ತಂಭ, ನಿಂತಿತ್ತು. ಪರಕೀಯರ ಆಳ್ವಿಕೆಯ ಗುರುತು ನಗರದ ಹೃದಯಭಾಗದಲ್ಲಿ ಇರಕೂಡದೆಂಬ ಕನ್ನಡ ಚಳವಳಿಗಾರರ ಒತ್ತಾಯದ ಹಿನ್ನೆಲೆಯಲ್ಲಿ 1964ರಲ್ಲಿ ಅದನ್ನು ಕೆಡವಲಾಯಿತು. ಒತ್ತಾಯದ ಹಿಂದಿದ್ದ ಸ್ವಾಭಿಮಾನ ನ್ಯಾಯವಾದದ್ದು. ಸ್ವತಂತ್ರ ನಗರವೊಂದು ತನ್ನನ್ನು ಮುತ್ತಿದವರಿಗೆ ಮುಖ್ಯ ರಸ್ತೆಯಲ್ಲಿ ಗೌರವಸ್ಥಾನ ಕೊಡಬೇಕೆಂದು ಯಾರೂ ವಾದಿಸಲಾರರು. ಆದರೆ ಗೌರವಸ್ಥಾನದಿಂದ ಇಳಿಸುವುದು ಒಂದು ಕೆಲಸ, ಕಲ್ಲನ್ನೇ ಇಲ್ಲವಾಗಿಸುವುದು ಇನ್ನೊಂದು ಕೆಲಸವೆಂಬ ವಿವೇಚನೆ ಅಂದು ನಡೆಯಲಿಲ್ಲ. 2020ರಲ್ಲಿ ಅದೇ ಬೆಂಗಳೂರಿನಲ್ಲಿ, ಮೈಸೂರು ಸೀಮೆಯ ಕಮಿಷನರಾಗಿದ್ದ ಮಾರ್ಕ್ ಕಬ್ಬನ್ನನ ಪ್ರತಿಮೆಯನ್ನು ಹೈಕೋರ್ಟಿನ ಆವರಣದಿಂದ ಕಬ್ಬನ್ ಉದ್ಯಾನದ ಒಳಗಿನ ಜಾಗಕ್ಕೆ ಸ್ಥಳಾಂತರಿಸಿದಾಗ ಈ ವ್ಯತ್ಯಾಸ ಸ್ಪಷ್ಟವಾಯಿತು: ಪ್ರತಿಮೆ ಉಳಿಯಿತು, ನ್ಯಾಯಾಲಯದ ಎದುರಿನ ಸ್ಥಾನ ಮಾತ್ರ ಹೋಯಿತು. ದೆಹಲಿಯ ಇಂಡಿಯಾ ಗೇಟಿನ ಬಳಿಯಿದ್ದ ಐದನೆಯ ಜಾರ್ಜ್ ದೊರೆಯ ಪ್ರತಿಮೆ ಕೊರೊನೇಷನ್ ಪಾರ್ಕ್ ಸೇರಿದ್ದೂ, ಹಂಗೆರಿಯ ಬುಡಾಪೆಸ್ಟಿನಲ್ಲಿ ಕಮ್ಯುನಿಸ್ಟ್ ಆಡಳಿತದ ಪ್ರತಿಮೆಗಳು ನಗರದ ಹೊರಗಿನ ಒಂದು ಉದ್ಯಾನ ಸೇರಿದ್ದೂ ಇದೇ ಬಗೆಯವು. ಅಮೆರಿಕದ ಅಂತರ್ಯುದ್ಧದಲ್ಲಿ ಗುಲಾಮಗಿರಿಯ ಪರ ನಿಂತ ದಕ್ಷಿಣ ರಾಜ್ಯಗಳ ಸೇನಾನಿ ರಾಬರ್ಟ್ ಲೀಯ ಪ್ರತಿಮೆಯನ್ನು 2021ರಲ್ಲಿ ರಿಚ್ಮಂಡ್ ನಗರದಲ್ಲಿ ಇಳಿಸಿದಾಗಲೂ ಚರ್ಚೆಯ ತಿರುಳು ಒಂದೇ ಆಗಿತ್ತು: ಅದು ಯುದ್ಧ ಮುಗಿದು 25 ವರ್ಷಗಳ ಮೇಲೆ, 1890ರಲ್ಲಿ ಎದ್ದದ್ದು, ಆದ್ದರಿಂದ ಯುದ್ಧದ ಕಥೆಗಿಂತ ಅದನ್ನು ನಿಲ್ಲಿಸಿದವರ ಕಾಲದ ಅಧಿಕಾರದ ಕಥೆಯನ್ನೇ ಅದು ಹೆಚ್ಚಾಗಿ ಹೇಳುತ್ತಿತ್ತು.

ಮೈಸೂರಿನ ಇತ್ತೀಚಿನ ವಿವಾದಗಳು ಕೆಡವುವುದಕ್ಕಿಂತ ಹೊಸದಾಗಿ ನಿಲ್ಲಿಸುವುದರ ಸುತ್ತ ಬೆಳೆದವು. 2015ರಲ್ಲಿ ಆರಂಭವಾದ ಸರ್ಕಾರಿ ಟಿಪ್ಪು ಜಯಂತಿ 2019ರಲ್ಲಿ ನಿಂತಿತು. 2022ರ ಅಕ್ಟೋಬರಿನಲ್ಲಿ ಮೈಸೂರು–ಬೆಂಗಳೂರು ನಡುವಿನ ಟಿಪ್ಪು ಎಕ್ಸ್‌ಪ್ರೆಸ್ ರೈಲಿಗೆ ಒಡೆಯರ್ ಎಕ್ಸ್‌ಪ್ರೆಸ್ ಎಂದು ಹೆಸರು ಬಂತು. ಮರುತಿಂಗಳು ನಗರದ ನರಸಿಂಹರಾಜ ಕ್ಷೇತ್ರದ ಶಾಸಕ ತನ್ವೀರ್ ಸೇಠ್ ಅವರು ಮೈಸೂರಿನಲ್ಲಿ ಅಥವಾ ಶ್ರೀರಂಗಪಟ್ಟಣದಲ್ಲಿ 100 ಅಡಿ ಎತ್ತರದ ಟಿಪ್ಪು ಪ್ರತಿಮೆ ನಿಲ್ಲಿಸುವ ಮಾತನ್ನು ಮುಂದಿಟ್ಟಾಗ, ಅದನ್ನು ಉರುಳಿಸುವುದಾಗಿ ಹಿಂದೂ ಸಂಘಟನೆಯ ನಾಯಕರು ಎಚ್ಚರಿಸಿದರು. ಎರಡು ಕಡೆಯ ನೆನಪಿಗೂ ಆಧಾರವಿದೆ. ಮೇಲುಕೋಟೆಯ ಮಂಡ್ಯಂ ಅಯ್ಯಂಗಾರರು ಟಿಪ್ಪುವಿನ ಕಾಲದಲ್ಲಿ ನಡೆದ ತಮ್ಮ ಪೂರ್ವಜರ ಹತ್ಯೆಯ ನೆನಪಿನಿಂದ ನರಕ ಚತುರ್ದಶಿಯನ್ನು ಆಚರಿಸುವುದಿಲ್ಲ. ಕೊಡಗಿನಲ್ಲಿ ಅವನ ದಂಡಿಗೆ ಸೆರೆ ಹೋದವರ ನೆನಪು ಇಂದಿಗೂ ಹಸಿಯಾಗಿದೆ. ಮತ್ತೊಂದೆಡೆ, 1791ರಲ್ಲಿ ಮರಾಠರ ದಂಡು ಶೃಂಗೇರಿ ಮಠವನ್ನು ಲೂಟಿ ಮಾಡಿದಾಗ ಟಿಪ್ಪು ಮಠಕ್ಕೆ ನೆರವು ಕೊಟ್ಟು ಅದರ ಗುರುಗಳಿಗೆ ಬರೆದ ಪತ್ರಗಳು 1916ರಲ್ಲಿ ಮೈಸೂರು ಪುರಾತತ್ತ್ವ ಇಲಾಖೆಯ ಆರ್. ನರಸಿಂಹಾಚಾರ್ ಅವರ ಶೋಧದಿಂದ ಬೆಳಕಿಗೆ ಬಂದವು. ಒಬ್ಬನೇ ದೊರೆ ಒಂದು ಊರಿಗೆ ದಾನಿಯೂ ಇನ್ನೊಂದು ಊರಿಗೆ ದಂಡನೆಯೂ ಆಗಿದ್ದನೆಂಬ ಸತ್ಯವನ್ನು ಪುಸ್ತಕ ಹಿಡಿದಿಡಬಲ್ಲದು. ವೃತ್ತದ ನಡುವಿನ ಪ್ರತಿಮೆ ಹಿಡಿದಿಡಲಾರದು, ಏಕೆಂದರೆ ಪೀಠದ ಮೇಲೆ ನಿಂತ ವ್ಯಕ್ತಿಗೆ ಹೊಗಳಿಕೆಯ ಒಂದೇ ಭಂಗಿ ಸಾಧ್ಯ.

ಕಾನೂನು ಈ ವಿಷಯದಲ್ಲಿ ಎರಡು ನೆಲೆಗಳನ್ನು ಕೊಟ್ಟಿದೆ. 1958ರ ಪ್ರಾಚೀನ ಸ್ಮಾರಕಗಳ ಕಾಯ್ದೆಯಡಿ ಶ್ರೀರಂಗಪಟ್ಟಣದ ಸ್ಮಾರಕಸ್ತಂಭ, ಒಡೆದ ಕೋಟೆಗೋಡೆ, ಗುಂಬಜ್, ದರಿಯಾ ದೌಲತ್ ಮತ್ತು ಟಿಪ್ಪುವಿನ ದೇಹ ಸಿಕ್ಕ ಜಾಗ ಭಾರತೀಯ ಪುರಾತತ್ತ್ವ ಸರ್ವೇಕ್ಷಣ ಇಲಾಖೆಯ ರಕ್ಷಣೆಯಲ್ಲಿವೆ. ಗೆದ್ದವರ ಗುರುತು, ಸೋತವರ ಗುರುತು ಎಂಬ ಭೇದವನ್ನು ಆ ರಕ್ಷಣೆ ಮಾಡುವುದಿಲ್ಲ. ಹೊಸ ಪ್ರತಿಮೆಗಳ ವಿಷಯದಲ್ಲಿ, ರಸ್ತೆ, ಕಾಲುದಾರಿ ಮೊದಲಾದ ಸಾರ್ವಜನಿಕ ಬಳಕೆಯ ಜಾಗಗಳಲ್ಲಿ ಪ್ರತಿಮೆ ನಿಲ್ಲಿಸಲು ರಾಜ್ಯಗಳು ಅನುಮತಿ ಕೊಡಬಾರದೆಂದು ಸುಪ್ರೀಂ ಕೋರ್ಟು 2013ರ ಜನವರಿ 18ರಂದು ಆದೇಶಿಸಿತು. ಇದ್ದದ್ದನ್ನು ಕಾಪಾಡುವ ಹೊಣೆ, ಹೊಸದನ್ನು ನಿಲ್ಲಿಸುವಲ್ಲಿ ಸಂಯಮ: ಇವೆರಡೂ ಒಟ್ಟಿಗೆ ನಡೆದಾಗ ಬೀದಿಯ ಜಗಳ ಬಹುಮಟ್ಟಿಗೆ ಇಳಿಯುತ್ತದೆ.

ಉಳಿಯುವ ಕೆಲಸ ವಿವರಣೆಯದು. 1907ರ ಕಂಬದ ಬಳಿ, ಅದನ್ನು ಯಾರು, ಯಾವ ಸನ್ನಿವೇಶದಲ್ಲಿ ನಿಲ್ಲಿಸಿದರು, ಯಾರ ಸಾವನ್ನು ಅದು ಹೇಳುತ್ತದೆ, ಯಾರ ಸಾವನ್ನು ಬಿಟ್ಟಿದೆ ಎಂಬುದನ್ನು ತಿಳಿಗನ್ನಡದಲ್ಲಿ ಹೇಳುವ ಫಲಕ ಬೇಕು. ಕೋಟೆಯನ್ನು ಕಾಯುತ್ತ ಸತ್ತ ಮೈಸೂರಿನವರಿಗೆ ಅದೇ ಗೋಡೆಯ ಸಾಲಿನಲ್ಲಿ ಒಂದು ಗೌರವದ ಕಲ್ಲು ಬೇಕು. ನಜರ್‌ಬಾದಿನ ಕಲ್ಲುಗಳು ಹೋಗಿ ಬಂದ ಕಥೆ ಮೈಸೂರಿನ ಶಾಲಾ ಮಕ್ಕಳಿಗೆ ತಿಳಿಯಬೇಕು. ದಾಖಲೆಯಾಗಿ ಎಲ್ಲವನ್ನೂ ಉಳಿಸಿಕೊಂಡು, ಗೌರವವನ್ನು ಮಾತ್ರ ವಿಚಾರಮಾಡಿ ಸಲ್ಲಿಸುವ ಸಮಾಜಕ್ಕೆ ತನ್ನ ಹಿಂದಿನ ಜಗಳಗಳನ್ನು ಕಂಡು ಅಂಜುವ ಕಾರಣವಿಲ್ಲ. ಎರಡು ಶತಮಾನಗಳ ಕಾಲ ಎರಡೂ ಕಡೆಯ ಕಲ್ಲುಗಳನ್ನು ತನ್ನ ನೆರೆಯಲ್ಲಿ ಇಟ್ಟುಕೊಂಡು ಬಾಳಿದ ಮೈಸೂರಿಗೆ ಆ ವಿವೇಕ ಹೊಸದೇನೂ ಅಲ್ಲ, ಅದನ್ನು ಬಾಯಿಬಿಟ್ಟು ಹೇಳಿ ಆಡಳಿತದ ನಿಯಮವಾಗಿ ಮಾಡಿಕೊಳ್ಳುವುದಷ್ಟೇ ಬಾಕಿ.